ಎಡಗಡೆಯ ಸೊನ್ನೆ

ಡುಲೂತ್ ಊರಿನ ಗ್ರಂಥಾಲಯದ ನೆಲಮಾಳಿಗೆಗೆ
ರೈನೊ ಸಾರೆಲಾನ ಡಬ್ಬಗಳು ಬಂದದ್ದು ಮಾರ್ಚಿಯಲ್ಲಿ,
ಸರೋವರದ ಮಂಜುಗಡ್ಡೆ ಇನ್ನೂ ಬಿರಿಯದಿದ್ದಾಗ.
ಅದಿರಿನ ಹಡಗಿನಲ್ಲಿ ಮೂವತ್ತೊಂದು ವರ್ಷ ಅಡುಗೆ ಮಾಡಿದವನು.
ಡಬ್ಬದಲ್ಲಿ ಸೌಟಿಲ್ಲ;
ನಾನೂರ ಹನ್ನೆರಡು ಸಿ.ಡಿ., ಒಂದಿಷ್ಟು ಫ್ಲಾಪಿ,
ಕಾಫಿಯ ಕಲೆ ಕೂತ ಸ್ಕ್ಯಾನರ್.

ಕಾಮಿಕ್ಸು. ಎಲ್ಲ ಕಾಮಿಕ್ಸು.
ಕಾಗದ ಒಂದೂ ಉಳಿದಿಲ್ಲ, ಹೆಸರುಗಳಿವೆ.

ಫ್ಲಾಪಿಯ ಕಾಲಕ್ಕೆ ಎಂಟೇ ಅಕ್ಷರದ ಬಾಡಿಗೆ ಕೋಣೆ.
‘ಡಾಕ್‌ಸೈಡ್ ಪ್ಯಾಟ್ರೋಲ್’ ಏಳನೇ ಸಂಚಿಕೆ ಅಲ್ಲಿ
ಡಿ ಸಿ ಕೆ ಎಸ್ ಡಿ ಪಿ ಸೊನ್ನೆ ಏಳು ಆಗಿ ಮಲಗಿದೆ,
ಮೊಣಕಾಲನ್ನು ಗಲ್ಲಕ್ಕೆ ತಾಗಿಸಿಕೊಂಡು.
ಸ್ವರಗಳನ್ನೆಲ್ಲ ದಡದಲ್ಲೇ ಬಿಟ್ಟು
ವ್ಯಂಜನಗಳಷ್ಟೇ ದೋಣಿ ಹತ್ತಿದ ಹಾಗೆ.
ಉಚ್ಚರಿಸಿ ನೋಡಿದೆ,
ಕೆಮ್ಮು ಬಂತು.

ಆಮೇಲಾಮೇಲೆ ಹೆಸರಿಗೆ ಬಾಲ ಬೆಳೆಯಿತು.
ಸಿ-ಟು-ಸಿ ಅಂದರೆ ಮುಖಪುಟದಿಂದ ಬೆನ್ನುಪುಟದವರೆಗೆ,
ಒಂದು ಜಾಹೀರಾತನ್ನೂ ಬಿಡದೆ,
ಮೂಲವ್ಯಾಧಿಯ ಮುಲಾಮು ಸಹಿತ.
ಫಿಶ್ ಅಂದರೆ ಮೀನಲ್ಲ, ಮೈಕ್ರೋಫಿಶ್:
ಬಣ್ಣಗಳು ಜ್ವರ ಬಿಟ್ಟವರ ಮುಖದಂತೆ.

ಒಂದು ಫೈಲು ತೆರೆಯಲೇ ಒಲ್ಲದು.
ತುದಿಯಲ್ಲಿ ಸಿಬಿಆರ್ ಎಂದಿದೆ.
ಹೊಟ್ಟೆ ಬಗೆದು ಮೊದಲ ಬೈಟುಗಳನ್ನು ನೋಡಿದರೆ
ಪಿ, ಕೆ. ಒಳಗಿರುವುದು ಜಿಪ್.
ಹೆಸರಿಗೆ ಕ್ಷೀರಸಾಗರ, ಗಡಿಗೆಯಲ್ಲಿ ಮಜ್ಜಿಗೆ.
ಒಂದಕ್ಷರ ತಿದ್ದಿದೆ, ಆರ್ ಹೋಗಿ ಝಡ್ ಬಂತು,
ಐವತ್ತೆರಡನೇ ಇಸವಿಯ ಪತ್ತೇದಾರ
ಟೋಪಿ ಎತ್ತಿ ನಮಸ್ಕರಿಸಿದ.

ಹಳೆಯ ಫೈಲುಗಳಲ್ಲಿ ಪುಟಗಳು ಕಲಸುಮೇಲೋಗರ:
ಒಂದು, ಹತ್ತು, ಹನ್ನೊಂದು, ಹತ್ತೊಂಬತ್ತರ ತನಕ,
ಅದಾದ ಮೇಲೆ ಎರಡು.
ಕೊಲೆಗಾರ ಸಿಕ್ಕಿಬೀಳುತ್ತಾನೆ, ಆಮೇಲೆ ಕೊಲೆ.
ಯಂತ್ರಕ್ಕೆ ಎಣಿಕೆ ಬಾರದು, ಅಕ್ಷರಮಾಲೆ ಮಾತ್ರ ಗೊತ್ತು.
ಹಡಗುಗಳು ಲಂಗರು ಹಾಕಿದ ಒಂದು ಚಳಿಗಾಲವಿಡೀ ಕೂತು
ರೈನೊ ಪುಟಪುಟದ ಎಡಕ್ಕೂ ಸೊನ್ನೆ ಹಚ್ಚಿದ್ದಾನೆ.
ಎಡದ ಸೊನ್ನೆಗೆ ಬೆಲೆಯಿಲ್ಲ ಎಂದು
ನನಗೆ ಶಾಲೆಯಲ್ಲಿ ಕಲಿಸಿದ್ದರು.

ಬಾಲದ ಕೊನೆಗೆ ಕೆಲವಕ್ಕೆ ಮಾತ್ರ ಒಂದು ಎಚ್.
ಹೈ ರೆಸಲ್ಯೂಶನ್, ಅಂದ ಪಕ್ಕದ ಮೇಜಿನ ಡೆಲ್ಬರ್ಟ್.
ಅಳೆದೆ. ಎಲ್ಲಕ್ಕೂ ಅದೇ ನೂರೈವತ್ತು ಚುಕ್ಕೆ.
ಹಾಫ್? ಪುಟಗಳೆಲ್ಲ ಇಡಿಯಾಗಿವೆ.
ಎರಡು ವಾರ ಆ ಎಚ್
ಗಂಟಲಿಗೆ ಸಿಕ್ಕ ಮೀನಿನ ಮುಳ್ಳು.

ಮೂವತ್ತೊಂದನೇ ಪುಟದಲ್ಲಿ ಯಾವುದೋ ಮಗು
ಯಾವತ್ತೋ ಕೂಪನ್ನು ಕತ್ತರಿಸಿ ಅಂಚೆಗೆ ಹಾಕಿದೆ.
ಆ ಕಿಟಕಿಯಲ್ಲಿ ಮುಂದಿನ ಪುಟದ ಒಂದು ಕಣ್ಣು.
ಅದನ್ನೇ ನೋಡುತ್ತಿದ್ದವನು ಅಂಚಿಗೆ ಸರಿದೆ:
ಒಂದು ಹೆಬ್ಬೆರಳು.
ಉಗುರು ಗಿಡ್ಡ, ಗೆಣ್ಣಿಗೆ ಬ್ಯಾಂಡೇಜು,
ಬೆನ್ನು ಮುರಿಯದಂತೆ ಪುಸ್ತಕವನ್ನು ಗಾಜಿಗೆ ಒತ್ತಿ ಹಿಡಿದದ್ದು.
ಎಚ್ ಇರುವ ಎಲ್ಲದರಲ್ಲೂ ಅದೇ ಬೆರಳು.

ಫೋಲ್ಡರಿನ ತಳದಲ್ಲಿ ಝಡ್-ಝಡ್-ಝಡ್ ಎಂಬ ಚಿತ್ರ.
ಕತೆಗಿಂತ ಮೊದಲು ತಾನು ಬರಬಾರದೆಂದು
ತನಗೆ ತಾನೇ ಇಟ್ಟುಕೊಂಡ ಹೆಸರು.
ಗಾಜಿನ ಮೇಲೆ ಊರಿದ ಎರಡು ಅಂಗೈ,
ಕೆಳಗೆ ಒಂದು ಸಾಲು:
ಒತ್ತಿದ್ದು ರೈನೊ, ಹಿಡಿದದ್ದು ತಂಗಿ ಹೆಲ್ವಿ.

ಎರಡು ಸಾವಿರದ ನಾಲ್ಕರ ನಂತರ ಎಚ್ ಇಲ್ಲ.
ಪುಟಗಳು ನಡುವೆ ಡೊಂಕಾಗಿವೆ,
ಹೊಲಿಗೆಯ ಹತ್ತಿರದ ಮಾತುಗಳು ಕತ್ತಲಿಗೆ ಬಿದ್ದಿವೆ:
“ಹಡಗು ಬರು”, “ನನ್ನನ್ನು ಬಿಟ್”.

ಹೊಸ ಪಟ್ಟಿಯಲ್ಲಿ ಶೀರ್ಷಿಕೆಗೆ, ಇಸವಿಗೆ, ನಮೂನೆಗೆ ಅಂಕಣವಿದೆ.
ಎಚ್‌ಗೆ ಇಲ್ಲ.
ಟಿಪ್ಪಣಿಯ ಕೆಳಗೆ ಬರೆಯುತ್ತ ಹೋದೆ, ಇನ್ನೂರ ಆರು ಸಲ.

ಬೆರಳನ್ನು ಕತ್ತರಿಸಿಬಿಡಲಾ, ಪುಟ ಚೊಕ್ಕಟ ಕಾಣುತ್ತೆ,
ಅಂದ ಡೆಲ್ಬರ್ಟ್, ಮೌಸ್ ಹಿಡಿದು.

ಸಿ-ಟು-ಸಿ, ಅಂದೆ.